ಪೆನ್ನಿಕೋಟ್ ಲಿಜ್ಜಿಬಾಯಿ

ಕುವೈತಿನ ಮಂಗಫಿನಲ್ಲಿ ಲಿಜ್ಜಿ ಎಂಬ ಹೆಸರಿನ ಹೆಂಗಸರಿಗೆ ಬರವಿರಲಿಲ್ಲ. ನರ್ಸ್ ಲಿಜ್ಜಿ ಇದ್ದಳು, ಟೈಲರ್ ಲಿಜ್ಜಿ ಇದ್ದಳು, ಬೇಕರಿಯ ಮೇಲಿನ ಮನೆಯ ಲಿಜ್ಜಿ ಇದ್ದಳು. ನಮ್ಮ ಕಥೆಯವಳನ್ನು ಮಾತ್ರ ಎಲ್ಲರೂ ಪೆನ್ನಿಕೋಟ್ ಲಿಜ್ಜಿಬಾಯಿ ಎನ್ನುತ್ತಿದ್ದರು. ಹಾಗೆಂದು ಪೆನ್ನಿಕೋಟ್ ಅವಳ ತವರೂರಲ್ಲ, ಗಂಡನ ಊರೂ ಅಲ್ಲ. ಅವಳು ಹುಟ್ಟಿದ್ದು ಶಿರ್ವದ ಹತ್ತಿರ, ಮದುವೆಯಾಗಿ ಹೋದದ್ದು ಉದ್ಯಾವರಕ್ಕೆ, ಅಲ್ಲಿಂದ ಬಂದದ್ದು ಕುವೈತಿಗೆ. ಪೆನ್ನಿಕೋಟ್ ಇಂಗ್ಲೆಂಡಿನ ಯಾವುದೋ ಮೂಲೆಯ ಒಂದು ಹಳ್ಳಿ. ಲಿಜ್ಜಿ ಅದನ್ನು ಕಣ್ಣಾರೆ ಕಂಡವಳೇ ಅಲ್ಲ. ಆದರೂ ಆ ಊರಿನಲ್ಲಿ ಯಾರ ಮನೆಯ ಬೇಲಿ ಯಾರ ಜಾಗಕ್ಕೆ ಸರಿದಿದೆ ಎಂದು ಕೇಳಿದರೆ ನಿದ್ದೆಯಲ್ಲೂ ಹೇಳುತ್ತಿದ್ದಳು.

ಇದು ಶುರುವಾದದ್ದು ಯುದ್ಧ ಮುಗಿದು ಕುವೈತು ಮತ್ತೆ ಉಸಿರಾಡತೊಡಗಿದ ಕಾಲದಲ್ಲಿ. ಲಿಜ್ಜಿಯ ಗಂಡ ಸ್ಯಾಮುವೆಲ್ ಮಂಗಫಿನಿಂದ ರಿಫೈನರಿಗೆ ಕೆಲಸಗಾರರನ್ನು ಒಯ್ಯುವ ಬಸ್ಸಿನ ಡ್ರೈವರು. ಬೆಳಿಗ್ಗೆ ಹೋಗುವಾಗ ಹೆಂಡತಿಯನ್ನು ಅಹ್ಮದಿಯ ಒಂದು ಬಂಗಲೆಯ ಎದುರು ಇಳಿಸುತ್ತಿದ್ದ. ಅದು ಡೊರೊಥಿ ಮೇಡಂ ಮನೆ. ಅವರ ಗಂಡ ಎಣ್ಣೆ ಕಂಪೆನಿಯ ಇಂಜಿನಿಯರು. ಅಡುಗೆ, ಇಸ್ತ್ರಿ, ಮೇಡಂ ಅವರ ಗುಲಾಬಿ ಗಿಡಗಳಿಗೆ ನೀರು, ಇಷ್ಟು ಲಿಜ್ಜಿಯ ಕೆಲಸ. ಜೂನ್ ಬಂತೆಂದರೆ ಗುಲಾಬಿಗಳೆಲ್ಲ ಸುಟ್ಟು ಕರಕಲಾಗುತ್ತಿದ್ದವು. ಮೇಡಂ ಹಟ ಬಿಡದೆ ಪ್ರತಿ ಚಳಿಗಾಲಕ್ಕೂ ಹೊಸ ಗಿಡ ನೆಡುತ್ತಿದ್ದರು.

ಮೇಡಂ ಅವರ ಅಕ್ಕ ಮಾರ್ಗರೆಟ್ ಪೆನ್ನಿಕೋಟಿನಲ್ಲೇ ಉಳಿದವರು. ಪ್ರತಿ ಭಾನುವಾರ ಫೋನ್ ಮಾಡಿ ಊರಿನ ಸುದ್ದಿಯನ್ನೆಲ್ಲ ತಂಗಿಯ ಕಿವಿಗೆ ತುಂಬುತ್ತಿದ್ದರು. ತುಂಬಿದ್ದು ಎಲ್ಲಿಯಾದರೂ ಹರಿಯಬೇಕಲ್ಲ? ಇಂಜಿನಿಯರ್ ಸಾಹೇಬರಿಗೆ ಪೈಪು, ಪಂಪು ಬಿಟ್ಟರೆ ಬೇರೆ ಯಾವುದರ ಮೇಲೂ ಆಸಕ್ತಿಯಿಲ್ಲ. ಹಾಗಾಗಿ ಸೋಮವಾರ ಬೆಳಗಿನ ಚಹಾದ ಹೊತ್ತಿಗೆ ಲಿಜ್ಜಿ ಇಸ್ತ್ರಿ ಹಾಕುತ್ತ ನಿಂತಿದ್ದರೆ ಮೇಡಂ ಎದುರಿನ ಕುರ್ಚಿಯಲ್ಲಿ ಕುಳಿತು ಪೆನ್ನಿಕೋಟನ್ನು ಬಿಚ್ಚುತ್ತಿದ್ದರು. ಮೊದಲ ವರ್ಷ ಲಿಜ್ಜಿಗೆ ಆ ಇಂಗ್ಲಿಷು ಅರ್ಧಕ್ಕರ್ಧ ದಕ್ಕಲಿಲ್ಲ. ಎರಡನೆಯ ವರ್ಷಕ್ಕೆ ಅವಳೇ, "ಆ ಅಂಗಡಿಯವನ ಮಗಳ ಮದುವೆ ಏನಾಯ್ತು ಮೇಡಂ?" ಎಂದು ಕೇಳತೊಡಗಿದಳು.

ಗುರುವಾರ ಸಂಜೆ ಆ ಕಥೆಗಳು ಮಂಗಫಿನ ಅವಳ ಮನೆಯಲ್ಲಿ ಮರುಪ್ರಸಾರವಾಗುತ್ತಿದ್ದವು. ಮರುದಿನ ಶುಕ್ರವಾರ ರಜೆ, ಯಾರಿಗೂ ಅವಸರವಿಲ್ಲ. ಎದುರುಮನೆಯ ನ್ಯಾನ್ಸಿ ಹೆಣಿಗೆ ಹಿಡಿದುಕೊಂಡು ಬರುತ್ತಿದ್ದಳು. ಮೇಲಿನ ಮಹಡಿಯಿಂದ ಆಶಾಲತಾ ಬರುತ್ತಿದ್ದಳು. ಅವಳ ಗಂಡ ಕೊರಗಪ್ಪ ಫಹಾಹೀಲಿನ ಒಂದು ಹೋಟೆಲಿನಲ್ಲಿ ಅಡುಗೆಯವನು. ಆಶಾಲತಾಗೆ ಕೊಂಕಣಿ ಬಾರದು, ನ್ಯಾನ್ಸಿಗೆ ತುಳು ಅಷ್ಟಕ್ಕಷ್ಟೆ. ಹೀಗಾಗಿ ಪೆನ್ನಿಕೋಟಿನ ಜನರೆಲ್ಲ ಗುರುವಾರ ಸಂಜೆ ಕನ್ನಡ ಮಾತಾಡುತ್ತಿದ್ದರು.

ಲಿಜ್ಜಿ ಹೇಳುವುದರಲ್ಲಿ ಗಟ್ಟಿಗಿತ್ತಿ. ಎಂಟುನೂರು ವರ್ಷದ ಇಗರ್ಜಿಯನ್ನು ಮೊದಲು ಕಟ್ಟಿ ನಿಲ್ಲಿಸಿದಳು. ಅದರ ಗಂಟೆಗಳಿಗೆ ಹೆಸರಿಟ್ಟದ್ದು, ಹಿಂದೊಮ್ಮೆ ಹೊಳೆ ಉಕ್ಕಿದಾಗ ಊರಿಗೆ ಊರೇ ಆ ಗೋಪುರ ಹತ್ತಿ ಕುಳಿತದ್ದು, ಯುದ್ಧಕ್ಕೆ ಹೋದ ಒಂದೇ ಮನೆಯ ಮೂವರು ಹುಡುಗರ ಹೆಸರು ಕಲ್ಲಿನಲ್ಲಿ ಕೆತ್ತಿರುವುದು, ಎಲ್ಲ ಹೇಳಿದಳು. ಇಗರ್ಜಿಯ ಎದುರಿಗೇ ಪಬ್ಬು ಉಂಟು ಎಂದಾಗ, "ಪಬ್ಬು ಅಂದ್ರೆ ಗಡಂಗಾ?" ಎಂದು ಆಶಾಲತಾ ಕೇಳಿದಳು. ಗಡಂಗೇ ಎಂದ ಮೇಲೆ ಊರು ಎಲ್ಲರಿಗೂ ಚೆನ್ನಾಗಿ ಅರ್ಥವಾಯಿತು. ಆದರೆ ಆ ಊರಿನ ಪಾದ್ರಿಗೆ ಹೆಂಡತಿಯಿದ್ದಾಳೆ, ಇಬ್ಬರು ಮಕ್ಕಳೂ ಇದ್ದಾರೆ ಎಂದ ದಿನ ನ್ಯಾನ್ಸಿಯ ಹೆಣಿಗೆಯ ಕಡ್ಡಿ ಕೆಳಗೆ ಬಿತ್ತು. ಅವರ ಸಭೆಯೇ ಬೇರೆ, ಅಲ್ಲಿ ಪಾದ್ರಿಗಳು ಮದುವೆಯಾಗಬಹುದು ಎಂದು ಅವಳನ್ನು ಒಪ್ಪಿಸುವಷ್ಟರಲ್ಲಿ ಆ ಸಂಜೆಯೇ ಮುಗಿಯಿತು.

ಇಷ್ಟೊಂದು ಜನರಲ್ಲಿ ಎಲ್ಲರ ಅಚ್ಚುಮೆಚ್ಚು ಟಾಮ್ ಮತ್ತು ಹೆನ್ರಿಯೆಟ್ಟಾ. ಟಾಮ್ ಬಿಡ್ವೆಲ್ ಎಂಬ ಮುದುಕ ಕೆರೆಯ ದಂಡೆಯ ಮನೆಯವನು. ದಿನವೂ ಸಂಜೆ ಅವನೂ ಹೆನ್ರಿಯೆಟ್ಟಾಳೂ ಕೆರೆಯ ಸುತ್ತ ನಡೆದು ಬರಲೇಬೇಕು. ಹೆನ್ರಿಯೆಟ್ಟಾ ಮಹಾ ಹಟಮಾರಿ. ಒಮ್ಮೆ ಊರಿನ ಕಿರುದಾರಿಯಲ್ಲಿ ಬಸ್ಸಿಗೆ ಅಡ್ಡ ನಿಂತವಳು ಕದಲಲೇ ಇಲ್ಲವಂತೆ. ಡ್ರೈವರ್ ಇಳಿದು ಬಂದು ಕೈಮುಗಿದರೂ ಅಷ್ಟೆ, ಕೊನೆಗೆ ಟಾಮ್ ಬಂದು ಕಿವಿಯಲ್ಲಿ ಏನೋ ಹೇಳಿದ ಮೇಲೆಯೇ ದಾರಿ ಬಿಟ್ಟದ್ದು. ಟಾಮ್ ಆಸ್ಪತ್ರೆ ಸೇರಿದಾಗ ಅವನ ಕೈತುತ್ತು ಬೇಕೆಂದು ಊಟ ಬಿಟ್ಟಳು, ರಾತ್ರಿಯೆಲ್ಲ ಕೂಗಿ ನೆರೆಯವರ ನಿದ್ದೆ ಕೆಡಿಸಿದಳು. ಗರಿಗಳ ಭಾನುವಾರದ ಮೆರವಣಿಗೆಯಲ್ಲಂತೂ ಎಲ್ಲರಿಗಿಂತ ಮುಂದೆ ಹೆನ್ರಿಯೆಟ್ಟಾ, ಅವಳ ಹಿಂದೆ ಪಾದ್ರಿ. ಇಗರ್ಜಿಯ ಮಹಿಳಾ ಸಂಘದ ಅಧ್ಯಕ್ಷೆಯೇ ಇರಬೇಕು ಎಂದು ನ್ಯಾನ್ಸಿ ತೀರ್ಮಾನಿಸಿದಳು.

"ಪ್ರೀತಿ ಅಂದ್ರೆ ಅದು ಮಾರಾಯ್ತಿ," ಎಂದು ಆಶಾಲತಾ ನಿಟ್ಟುಸಿರು ಬಿಟ್ಟಳು. "ನಮ್ಮವರು ನನ್ನನ್ನು ಕಡಲ ಬದಿಗೆ ಕರ್ಕೊಂಡು ಹೋಗದೆ ಎಷ್ಟು ಕಾಲ ಆಯ್ತೋ."

ತೊಂಬತ್ತೊಂಬತ್ತರ ಆಗಸ್ಟ್. ಹೊರಗೆ ಬಿಸಿಲು ಕುದಿಯುತ್ತಿತ್ತು. ಆ ಸೋಮವಾರ ಮೇಡಂ ಚಹಾ ಕುಡಿಯದೆ ಕುಳಿತಿದ್ದರು. ಹೆನ್ರಿಯೆಟ್ಟಾ ಹೋಗಿಬಿಟ್ಟಳು ಎಂದರು. ಟಾಮ್ ಊಟ ಬಿಟ್ಟಿದ್ದಾನೆ, ಗೇಟಿನ ಹತ್ತಿರ ಸುಮ್ಮನೆ ಕುಳಿತಿರುತ್ತಾನೆ, ಊರೇ ಬಂದು ನೋಡಿಕೊಂಡು ಹೋಯಿತು ಎಂದರು. ಲಿಜ್ಜಿ ಇಸ್ತ್ರಿಪೆಟ್ಟಿಗೆ ನಿಲ್ಲಿಸಿಟ್ಟು ಶಿಲುಬೆಯ ಗುರುತು ಮಾಡಿಕೊಂಡಳು. ಅವಳಿಗೆ ತನ್ನ ಮನೆಯವರೇ ಹೋದಷ್ಟು ದುಃಖವಾಯಿತು.

ನಮ್ಮ ಕರಾವಳಿಯ ಕ್ರಿಸ್ತುವರಲ್ಲಿ ಬೇಕಾದವರು ತೀರಿಕೊಂಡರೆ ಮೊದಲು ಮಾಡುವ ಕೆಲಸ ಒಂದೇ, ಅವರ ಆತ್ಮಕ್ಕೊಂದು ಮೀಸ್, ಅಂದರೆ ಪೂಜೆ, ಕೊಡುವುದು. ಸತ್ತವರ ಹೆಸರನ್ನು ಇಗರ್ಜಿಯಲ್ಲಿ ಬರೆಸಿದರೆ ಮೀಸ್ ಶುರುವಾಗುವ ಮೊದಲು ಅದನ್ನು ಎಲ್ಲರೆದುರು ಓದುತ್ತಾರೆ, ಬಂದವರೆಲ್ಲ ಆ ಆತ್ಮಕ್ಕಾಗಿ ಪ್ರಾರ್ಥಿಸುತ್ತಾರೆ. ಲಿಜ್ಜಿಯೂ ಹೋಗಿ ಹೆಸರು ಕೊಟ್ಟಳು. ಶುಕ್ರವಾರ ತುಂಬಿದ ಇಗರ್ಜಿಯಲ್ಲಿ, ಉದ್ಯಾವರದ ಒಬ್ಬ ಮೇಸ್ತ್ರಿ ಮತ್ತು ಗೋವೆಯ ಒಬ್ಬ ಅಜ್ಜಿಯ ನಡುವೆ, "ಪೆನ್ನಿಕೋಟಿನ ದಿವಂಗತ ಹೆನ್ರಿಯೆಟ್ಟಾ ಬಿಡ್ವೆಲ್" ಎಂದು ಗಟ್ಟಿಯಾಗಿ ಓದಿದರು. ನ್ಯಾನ್ಸಿ ಕಣ್ಣೊರೆಸಿಕೊಂಡಳು. ಹಿಂದಿನ ಬೆಂಚಿನಲ್ಲಿ ಆಶಾಲತಾ ಕೂಡ ತಲೆಗೆ ಸೆರಗು ಹಾಕಿಕೊಂಡು ಕುಳಿತಿದ್ದಳು.

ಮರುದಿನ ಲಿಜ್ಜಿ ಇದನ್ನು ಮೇಡಂಗೆ ತಿಳಿಸಿದಳು. ಸಮಾಧಾನವಾಗಲಿ ಎಂದೇ ಹೇಳಿದ್ದು. ಮೇಡಂ ಚಹಾದ ಕಪ್ಪು ಕೆಳಗಿಟ್ಟರು.

"ಲಿಜ್ಜಿ," ಎಂದರು ಮೆಲ್ಲಗೆ, "ಹೆನ್ರಿಯೆಟ್ಟಾ ಒಂದು ಕತ್ತೆ. ನಿನಗದು ಗೊತ್ತಲ್ಲವಾ?"

ಗೊತ್ತಿರಲಿಲ್ಲ. ಯಾರೂ ಹೇಳಿರಲಿಲ್ಲ. ಪೆನ್ನಿಕೋಟಿನಲ್ಲಿ ಹೆನ್ರಿಯೆಟ್ಟಾ ಯಾರೆಂಬುದು ಹಾಲುಗಲ್ಲದ ಮಗುವಿಗೂ ಗೊತ್ತು, ಹಾಗಿರುವಾಗ ಯಾರು ಬಿಡಿಸಿ ಹೇಳುತ್ತಾರೆ? ಟಾಮ್ ಮದುವೆಯೇ ಆದವನಲ್ಲ. ಮೇಡಂ ಮೊದಲು ತುಟಿ ಕಚ್ಚಿಕೊಂಡರು, ಆಮೇಲೆ ತಡೆಯಲಾಗದೆ ನಕ್ಕರು, ನಗುತ್ತ ನಗುತ್ತ ಕೊನೆಗೆ ನಿಜವಾಗಿಯೇ ಅತ್ತುಬಿಟ್ಟರು. ಲಿಜ್ಜಿಗೆ ನೆಲ ಬಿರಿದು ತನ್ನನ್ನು ನುಂಗಬಾರದೇ ಎನಿಸಿತು.

ಈ ವಿಷಯವನ್ನು ಅವಳು ಹೇಳಿದ್ದು ಗಂಡನೊಬ್ಬನಿಗೆ. ಸ್ಯಾಮುವೆಲ್ ಕೆಟ್ಟವನೇನಲ್ಲ, ಆದರೆ ಅವನು ಬಸ್ಸಿನ ಡ್ರೈವರು. ಬೆಳಗಿನ ಪಾಳಿಯವರಿಗೆ ಹೇಳಿದ. ಅವರು ರಿಫೈನರಿಗೆ ಒಯ್ದರು. ಮಧ್ಯಾಹ್ನದ ಪಾಳಿಯವರು ಅದನ್ನು ಹೊತ್ತು ಮಂಗಫಿಗೆ ತಂದರು. ಕಟ್ಟಡದ ಕಾವಲುಗಾರ, ಮಲಬಾರಿನ ಪುತ್ತಬ್ಬ ಕೂಡ, "ಲಿಜ್ಜಿಬಾಯಿ, ನಮ್ಮೂರಲ್ಲಿ ಒಂದು ಆಡು ಸತ್ತಿದೆ, ಮೀಸ್ ಸಿಗ್ಬಹುದಾ?" ಎಂದು ಕೇಳಿದ. ಲಿಜ್ಜಿ ಇನ್ನು ಪೆನ್ನಿಕೋಟಿನ ಸುದ್ದಿ ಎತ್ತುವುದಿಲ್ಲ ಎಂದು ಬಾಯಿಗೆ ಬೀಗ ಹಾಕಿಕೊಂಡಳು.

ನಗುವುದಷ್ಟೇ ಆಗಿದ್ದರೆ ತಡೆದುಕೊಳ್ಳಬಹುದಿತ್ತು. ಆದರೆ ಸುದ್ದಿ ದೂರದ ಖೈತಾನ್ ಬಡಾವಣೆಗೂ ತಲುಪಿತು. ಖೈತಾನಿನಲ್ಲಿ ಕ್ಲಾರಾಬಾಯಿ ಇದ್ದರು. ಅವರ ಮಗ ಆಲ್‌ಸ್ಟನ್‌ಗೂ ಲಿಜ್ಜಿಯ ಮಗಳು ಶೆರಿಲ್‌ಗೂ ಮಾತುಕತೆ ನಡೆದಿತ್ತು. ಇಬ್ಬರೂ ಇಗರ್ಜಿಯ ಗಾಯನ ತಂಡದಲ್ಲಿ ಹಾಡುವವರು, ಒಬ್ಬರಿಗೊಬ್ಬರು ಒಪ್ಪಿಗೆಯಾದವರು. ಬರುವ ಗುರುವಾರ ಹಿರಿಯರು ಬಂದು ದಿನ ನಿಶ್ಚಯಿಸುವುದೊಂದೇ ಬಾಕಿ. ಕ್ಲಾರಾಬಾಯಿ ಜಪಸರ ಕೈಬಿಟ್ಟವರಲ್ಲ, ಉಪವಾಸ ತಪ್ಪಿಸಿದವರಲ್ಲ. ಅವರು ಹೇಳಿದ್ದನ್ನು ನ್ಯಾನ್ಸಿ ಹೇಗೋ ಕೇಳಿಕೊಂಡು ಬಂದಳು.

"ಕತ್ತೆಗೆ ಮೀಸ್ ಹೇಳಿಸಿದ ಮನೆಯಿಂದ ಹೆಣ್ಣು ತರ್ಲಿಕ್ಕುಂಟಾ ಅಂದ್ರಂತೆ. ಗುರುವಾರ ಬರೋದು ದಿನ ಇಡ್ಲಿಕ್ಕಲ್ಲ ಲಿಜ್ಜಿ, ಬೇಡ ಅಂತ ಹೇಳ್ಲಿಕ್ಕೆ."

ಶೆರಿಲ್ ಇದನ್ನು ಕೇಳಿ, "ಇಟ್ಸ್ ಓಕೆ ಮಮ್ಮಿ," ಎಂದಳು. ಆ ರಾತ್ರಿ ಊಟಕ್ಕೆ ಏಳಲಿಲ್ಲ. ತನ್ನ ಮಾತಿನ ಚಪಲ ಮಗಳ ಬದುಕಿಗೆ ಅಡ್ಡ ಬಂತಲ್ಲ ಎಂದು ಲಿಜ್ಜಿ ತನ್ನನ್ನೇ ಬೈದುಕೊಂಡಳು.

ಗುರುವಾರ ಲಿಜ್ಜಿ ಗೋಳಿಬಜೆ ಕರಿದಳು. ಈ ಸಲ ಯಾರೂ ಬರಬೇಡಿ ಎಂದು ನ್ಯಾನ್ಸಿಗೂ ಆಶಾಲತಾಗೂ ಹೇಳಿಯಾಗಿತ್ತು. ಕ್ಲಾರಾಬಾಯಿ ಗಂಡ ಆಂಥೋನಿಯವರ ಜೊತೆ ಬಂದು ಸೋಫಾದ ತುದಿಯಲ್ಲಿ ಕುಳಿತರು. ಅವರು ಬಾಯಿ ತೆರೆಯುವಷ್ಟರಲ್ಲಿ ಆಶಾಲತಾ ಒಳಗೆ ಬಂದಳು. ಕೈಯಲ್ಲಿ ಯಾವತ್ತೋ ಒಯ್ದಿದ್ದ ಒಂದು ಸೌಟು. ಅದನ್ನು ಕೊಟ್ಟು ಹೋಗುವ ಬದಲು ಬಾಗಿಲ ಬಳಿಯ ಸ್ಟೂಲಿನ ಮೇಲೆ ಕುಳಿತೇಬಿಟ್ಟಳು.

ಕ್ಲಾರಾಬಾಯಿ ಸುತ್ತಿ ಬಳಸಿ ಮಾತಾಡುವವರಲ್ಲ. "ಲಿಜ್ಜಿಬಾಯಿ, ಮೀಸ್ ಅಂದ್ರೆ ಎಂತ, ಮಕ್ಕಳಾಟವಾ?" ಎಂದರು.

ಲಿಜ್ಜಿ ಮನಸ್ಸಿನಲ್ಲಿದ್ದದ್ದನ್ನೇ ಹೇಳಿದಳು. "ಗೊತ್ತಿರಲಿಲ್ಲ ಬಾಯಿ. ಗೊತ್ತಿದ್ದಿದ್ರೆ ಕೊಡ್ತಿರಲಿಲ್ಲ. ಆದ್ರೆ ಅಲ್ಲಿ ಒಬ್ಬ ಮುದುಕ ಊಟ ಬಿಟ್ಟು ಕೂತದ್ದು ಸುಳ್ಳಲ್ಲ. ಕತ್ತೆಗೆ ಸಲ್ಲದಿದ್ರೆ ಆ ಮೀಸ್ ಅವನಿಗೆ ಸಲ್ಲಲಿ ಅಂತ ಬೇಡಿಕೊಂಡಿದ್ದೇನೆ."

ಆಶಾಲತಾಗೆ ಇನ್ನು ತಡೆಯಲಾಗಲಿಲ್ಲ.

"ಈಗ ಅವ ಊಟ ಮಾಡ್ತಾನಾ ಲಿಜ್ಜಿಬಾಯಿ?"

ಲಿಜ್ಜಿ ಕಣ್ಣಲ್ಲೇ ಗದರಿಸಿದಳು. ಆದರೆ ಅಷ್ಟು ಹೊತ್ತೂ ಗೋಳಿಬಜೆಯ ತಟ್ಟೆ ಬಿಟ್ಟು ಬೇರೆಡೆ ನೋಡದಿದ್ದ ಆಂಥೋನಿಯವರು ತಲೆಯೆತ್ತಿ, "ಪಾಪ. ಮಾಡ್ತಾನಾ?" ಎಂದರು.

ಕೇಳಿದ ಮೇಲೆ ಹೇಳದಿರುವುದು ಹೇಗೆ? ಲಿಜ್ಜಿ ಕುರ್ಚಿಯ ಅಂಚಿಗೆ ಸರಿದು ಕುಳಿತಳು. ಟಾಮ್ ಬಾಗಿಲೇ ತೆರೆಯುತ್ತಿಲ್ಲವಂತೆ. ಹೆನ್ರಿಯೆಟ್ಟಾಳ ಹಗ್ಗ ಕೈಯಲ್ಲಿ ಹಿಡಿದುಕೊಂಡೇ ಕೂರುತ್ತಾನಂತೆ. ಪಾದ್ರಿ ಬಂದರೂ ಇಲ್ಲ, ಪಾದ್ರಿಯ ಹೆಂಡತಿ ಬಂದರೂ ಇಲ್ಲ. ಕೊನೆಗೆ ಪಕ್ಕದ ಮನೆಯ ವಿಧವೆ ಮಿಸೆಸ್ ಪಿಮ್ ಮಾಂಸದ ಪೈ ಮಾಡಿ, ತಟ್ಟೆಗೆ ಬಟ್ಟೆ ಮುಚ್ಚಿ, ಎರಡು ಮನೆಗಳ ನಡುವಿನ ಗೋಡೆಯ ಮೇಲೆ ಇಟ್ಟುಹೋದಳು. ವಿಶೇಷವೆಂದರೆ ಅವರಿಬ್ಬರಿಗೂ ಇಪ್ಪತ್ತು ವರ್ಷಗಳಿಂದ ಮಾತಿಲ್ಲ.

"ಮಾತಿಲ್ಲವಾ? ಯಾಕೆ?" ಕ್ಲಾರಾಬಾಯಿ ಕೇಳಿದರು.

"ಟಾಮ್‌ನ ಪ್ಲಮ್ ಮರ ಉಂಟು ಬಾಯಿ. ಅದರ ಗೆಲ್ಲು ಗೋಡೆ ದಾಟಿ ಇವಳ ಅಂಗಳಕ್ಕೆ ಬಗ್ಗಿದೆ. ಆ ಹಣ್ಣು ಯಾರದ್ದು ಅಂತ ಜಗಳ."

"ಆಚೆ ಬಿದ್ದದ್ದು ಆಚೆಯವರದ್ದೇ!" ಕ್ಲಾರಾಬಾಯಿ ಸೋಫಾದ ತುದಿಯಿಂದ ನೆಟ್ಟಗಾದರು. "ಅದರಲ್ಲಿ ಕೇಳ್ಲಿಕ್ಕೆ ಎಂತ ಉಂಟು? ನಮ್ಮ ಮನೆಯ ಹಲಸಿನ ಮರದ್ದೂ ಇದೇ ಕಥೆ. ಕಸ ಗುಡಿಸೋದು ನಾವು, ಹಣ್ಣು ಕೊಯ್ಯೋದು ಅವರು. ಇವತ್ತಿಗೂ ನನ್ನ ಮೈದುನನ ಮನೆಯವರ ಜೊತೆ ನಮಗೆ ಮಾತಿಲ್ಲ."

ಆಂಥೋನಿಯವರು ಇನ್ನೊಂದು ಗೋಳಿಬಜೆ ಬಾಯಿಗಿಟ್ಟುಕೊಂಡರು. ಅರ್ಧ ಗಂಟೆ ಪ್ಲಮ್ಮು ಮತ್ತು ಹಲಸಿನ ಪಂಚಾಯಿತಿ ನಡೆಯಿತು. ಕ್ಲಾರಾಬಾಯಿ ಮಿಸೆಸ್ ಪಿಮ್ ಪರ ವಾದಿಸಿದರು, ಆಶಾಲತಾ ಟಾಮ್‌ನ ಪರ. ಚಹಾ ಎರಡು ಸಲ ಬಂತು. ಕೊನೆಗೆ ಕ್ಲಾರಾಬಾಯಿ, "ಇರಲಿ, ಆ ತಟ್ಟೆ ಎಂತ ಆಯ್ತು? ಅವ ತಿಂದನಾ?" ಎಂದರು.

"ಗೊತ್ತಿಲ್ಲ ಬಾಯಿ. ಭಾನುವಾರ ಫೋನ್ ಬರ್ಬೇಕು."

ಕ್ಲಾರಾಬಾಯಿಗೆ ತಾವು ಬಂದ ಕೆಲಸ ಆಗ ನೆನಪಾಗಿರಬೇಕು. ಮುಖ ಮತ್ತೆ ಬಿಗಿಯಿತು. "ನಮ್ಮ ಮಾತು ಬರುವ ಗುರುವಾರ ಆಗಲಿ," ಎಂದು ಎದ್ದರು. ಲಿಜ್ಜಿ ಉಳಿದ ಗೋಳಿಬಜೆಯನ್ನು ಸ್ಟೀಲಿನ ಡಬ್ಬಿಗೆ ತುಂಬಿ ಆಂಥೋನಿಯವರ ಕೈಗೆ ಕೊಟ್ಟಳು. ಅವರು ಬೇಡವೆನ್ನಲಿಲ್ಲ.

ಸೋಮವಾರ ಲಿಜ್ಜಿ ಬಂಗಲೆಯ ಬಾಗಿಲಲ್ಲೇ ಕೇಳಿದಳು, "ಮೇಡಂ, ತಟ್ಟೆ?" ಮೇಡಂ ಹೇಳಿದ್ದನ್ನು ಕೇಳಿ ಆ ದಿನ ಅಂಗಿಯೊಂದರ ಕಾಲರು ಸುಟ್ಟುಹೋಯಿತು.

ಮುಂದಿನ ಗುರುವಾರ ಕ್ಲಾರಾಬಾಯಿ ಬಂದರು. ಸ್ಟೀಲಿನ ಡಬ್ಬಿಯನ್ನು ಮಡಿಲಲ್ಲಿ ಗಟ್ಟಿಯಾಗಿ ಹಿಡಿದುಕೊಂಡು ಕುಳಿತರು. ಲಿಜ್ಜಿಯ ಕಣ್ಣೆಲ್ಲ ಆ ಡಬ್ಬಿಯ ಮೇಲೆಯೇ. ನಮ್ಮ ಕಡೆ ನೆಂಟರ ಮನೆಯ ಪಾತ್ರೆಯನ್ನು ಖಾಲಿ ಹಿಂದಿರುಗಿಸುವ ಕ್ರಮವಿಲ್ಲ, ಒಂದು ಹಿಡಿ ಸಕ್ಕರೆಯನ್ನಾದರೂ ಹಾಕಿ ಕೊಡುತ್ತಾರೆ. ಖಾಲಿ ಕೊಟ್ಟರೆ ಇನ್ನು ಈ ಮನೆಗೂ ನಮಗೂ ಸಂಬಂಧವಿಲ್ಲ ಎಂದೇ ಅರ್ಥ. ಒಳಕೋಣೆಯ ಬಾಗಿಲ ಹಿಂದೆ ಶೆರಿಲ್ ಕಿವಿಗೊಟ್ಟು ನಿಂತಿದ್ದಳು.

"ಹೇಳಿ," ಎಂದರು ಕ್ಲಾರಾಬಾಯಿ.

ಲಿಜ್ಜಿ ಹೇಳಿದಳು. ಮರುದಿನ ಬೆಳಿಗ್ಗೆ ಮಿಸೆಸ್ ಪಿಮ್ ಎದ್ದು ನೋಡಿದರೆ ತಟ್ಟೆ ಗೋಡೆಯ ಮೇಲೆಯೇ ಇತ್ತು. ಬಟ್ಟೆ ಮುಚ್ಚಿದ ಹಾಗೆಯೇ ಇತ್ತು. ಇವ ಮುಟ್ಟಲೇ ಇಲ್ಲ ಎಂದು ಬೇಜಾರಿನಲ್ಲಿ ಬಟ್ಟೆ ಎತ್ತಿದಳು. ತಟ್ಟೆಯಲ್ಲಿ ಪೈ ಇರಲಿಲ್ಲ. ತೊಳೆದು ಒರೆಸಿದ ತಟ್ಟೆಯ ತುಂಬ ಪ್ಲಮ್ ಹಣ್ಣು. ಜಗಳದ ಅದೇ ಗೆಲ್ಲಿನದ್ದು. ಅವಳು ತಲೆಯೆತ್ತಿದರೆ ಟಾಮ್ ತನ್ನ ಅಂಗಳದಲ್ಲಿ ಟೋಪಿ ಕೈಯಲ್ಲಿ ಹಿಡಿದುಕೊಂಡು ನಿಂತಿದ್ದ.

ಕ್ಲಾರಾಬಾಯಿ ಸೆರಗಿನಿಂದ ಮೂಗು ಒರೆಸಿಕೊಂಡರು. "ಆ ದೇಶದಲ್ಲಿಯೂ ಪಾತ್ರೆ ಖಾಲಿ ಕೊಡೋದಿಲ್ಲ, ನೋಡಿ," ಎಂದು ಗಂಡನಿಗೆ ಹೇಳಿ, ಡಬ್ಬಿಯನ್ನು ಲಿಜ್ಜಿಯ ಕೈಗಿತ್ತರು. ಅದು ಭಾರವಾಗಿತ್ತು. ಒಳಗೆ ದೋದೊಲ್ ಇತ್ತು, ಬೆಲ್ಲ ಮತ್ತು ತೆಂಗಿನ ಹಾಲನ್ನು ಕೈ ಸೋಲುವವರೆಗೆ ಕಾಸಿ ಹಬ್ಬಕ್ಕೆ ಮಾತ್ರ ಮಾಡುವಂಥದ್ದು. ಆಂಥೋನಿಯವರು ನಕ್ಕು, "ಇವಳು ಸೋಮವಾರವೇ ಬೆಲ್ಲ ತರಿಸಿದ್ದಳು," ಎಂದು ಗುಟ್ಟು ಬಿಟ್ಟುಕೊಟ್ಟರು. ಲಿಜ್ಜಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ, ಎರಡನ್ನೂ ಮಾಡಿದಳು.

ಜನವರಿಯಲ್ಲಿ ಮದುವೆಯಾಯಿತು. ಡೊರೊಥಿ ಮೇಡಂ ಲಿಜ್ಜಿ ಉಡಿಸಿದ ಸೀರೆಯಲ್ಲಿ ಬಂದರು. ಮಂಗಫಿನ ಹೆಂಗಸರು ಅವರನ್ನು ಮುತ್ತಿಕೊಂಡು ಪಾದ್ರಿಯ ಹೆಂಡತಿಯ ಮಂಡಿನೋವು ಹೇಗಿದೆ, ಅಂಗಡಿಯವನ ಮಗಳಿಗೆ ಮಗುವಾಯಿತೇ ಎಂದು ಕೇಳಿದ್ದೇ ಕೇಳಿದ್ದು. ಮೇಡಂ ಬೆಕ್ಕಸಬೆರಗಾದರು. ಗುರುವಾರದ ಸಂಜೆಗೆ ಖೈತಾನಿನಿಂದ ಕ್ಲಾರಾಬಾಯಿಯೂ ತಪ್ಪದೆ ಬರತೊಡಗಿದರು. ಆ ಕಟ್ಟಡಗಳ ಸಾಲಿನಲ್ಲಿ ಒಂದು ಕೆರೆಯಿಲ್ಲ, ಬೇಲಿಯಿಲ್ಲ, ಜಗಳವಾಡಲು ಒಂದು ಮರವಿಲ್ಲ. ಅವರಿಗೆಲ್ಲ ಒಂದು ಊರು ಬೇಕಾಗಿತ್ತು, ಸಿಕ್ಕಿದ್ದು ಪೆನ್ನಿಕೋಟ್.

ಕೆಲವು ವರ್ಷಗಳ ಮೇಲೆ ಒಂದು ಸೋಮವಾರ ಮೇಡಂ, ಟಾಮ್ ಹೋದ ಎಂದರು. ನಿದ್ದೆಯಲ್ಲೇ ಹೋದನಂತೆ. ಮಿಸೆಸ್ ಪಿಮ್ ಬೆಳಗಿನ ಚಹಾ ಒಯ್ದಾಗ ಗೊತ್ತಾಯಿತಂತೆ. ಲಿಜ್ಜಿ ಅದನ್ನು ಫೋನಿನಲ್ಲಿ ಖೈತಾನಿನ ಅತ್ತೆಮನೆಯಲ್ಲಿದ್ದ ಶೆರಿಲ್‌ಗೆ ಹೇಳಿದಳು. ಮೀಸ್ ಕೊಡಬೇಕೆಂದು ಜೀವ ತುಡಿಯಿತು, ಆದರೆ ಇಗರ್ಜಿಯ ಆಫೀಸಿನ ಮೆಟ್ಟಿಲು ಹತ್ತಲು ಧೈರ್ಯ ಬರಲಿಲ್ಲ. ಇನ್ನೊಮ್ಮೆ ಪೆನ್ನಿಕೋಟಿನ ಹೆಸರು ಕೊಟ್ಟರೆ ಆ ಗುಮಾಸ್ತ ಏನೆಂದುಕೊಂಡಾನು? ಮನೆಯಲ್ಲೇ ಒಂದು ಮೇಣದ ಬತ್ತಿ ಹಚ್ಚಿ ಸುಮ್ಮನಾದಳು.

ಶುಕ್ರವಾರ ಇಗರ್ಜಿ ತುಂಬಿತ್ತು. ಲಿಜ್ಜಿಯ ಪಕ್ಕದಲ್ಲಿ ಕ್ಲಾರಾಬಾಯಿ ತಲೆಗೆ ವಸ್ತ್ರ ಹೊದ್ದು ಕುಳಿತಿದ್ದರು. ಮೀಸ್‌ಗೆ ಮೊದಲು ಸತ್ತವರ ಹೆಸರುಗಳನ್ನು ಓದತೊಡಗಿದರು. ಯಾರೋ ಒಬ್ಬ ಲೋಬೊ, ಯಾರೋ ಒಬ್ಬಳು ಡಿಸಿಲ್ವಾ, ಆಮೇಲೆ, "ಪೆನ್ನಿಕೋಟಿನ ದಿವಂಗತ ಟಾಮ್ ಬಿಡ್ವೆಲ್."

ಲಿಜ್ಜಿ ಥಟ್ಟನೆ ತಿರುಗಿದಳು. ಕ್ಲಾರಾಬಾಯಿಯ ನೋಟ ಪೀಠದ ಮೇಲಿಂದ ಕದಲಲಿಲ್ಲ. ಜಪಸರದ ಮಣಿಯೊಂದನ್ನು ಸರಿಸುತ್ತ, ತುಟಿ ಅಲುಗಿದ್ದೂ ಗೊತ್ತಾಗದ ಹಾಗೆ ಅವರು ಹೇಳಿದರು:

"ನಿಮ್ಮ ಮೇಡಂಗೆ ಫೋನ್ ಮಾಡಿ ನಾನೇ ಕೇಳಿದೆ. ಇವ ಮನುಷ್ಯನೇ ಅಂತೆ."